ಚೋಮ ನಮ್ಮೂರಿಗೂ ಬಂದಿದ್ದ

ಸುತ್ತೂರು ಜಾತ್ರೆಯ ರಾತ್ರಿಗಳಲ್ಲಿ ನಾಟಕಕ್ಕಿರುವ ಮರ್ಯಾದೆ ತೇರಿಗಿರುವ ಮರ್ಯಾದೆಗಿಂತ ಏನೂ ಕಡಿಮೆಯಿಲ್ಲ. ಹಗಲೆಲ್ಲ ದನಗಳ ಜಾತ್ರೆ, ಕುಸ್ತಿ, ಭಜನೆ ಮೇಳ, ಸಾಮೂಹಿಕ ವಿವಾಹ, ಕೃಷಿ ಮೇಳ ಎಂದು ಸುತ್ತಿ ದಣಿದವರೂ ಕತ್ತಲಾದ ಮೇಲೆ ಕಂಬಳಿ ಹೊದ್ದು ರಂಗದ ಮುಂದೆ ಕೂರುತ್ತಾರೆ. ಪುಷ್ಯ ಮಾಸದ ಚಳಿ, ಕಪಿಲೆಯ ಕಡೆಯಿಂದ ಬೀಸುವ ಗಾಳಿ, ಹಾರ್ಮೋನಿಯಂ ದನಿ. ನಂಜನಗೂಡು, ತಿ. ನರಸೀಪುರ ಸೀಮೆಯ ಹಳ್ಳಿಗರಿಗೆ ನಟನೆ ಎಂದರೇನೆಂದು ಕಲಿಸಿದ್ದು ಇಂಥ ರಾತ್ರಿಗಳೇ.

ನಮ್ಮ ಕಡೆ ‘ಕುರುಕ್ಷೇತ್ರ’ ಆಡಬೇಕೆಂದರೆ ಹಾರ್ಮೋನಿಯಂ ಮೇಷ್ಟ್ರು ತಿಂಗಳುಗಟ್ಟಲೆ ಊರಲ್ಲೇ ಉಳಿದು ತಾಲೀಮು ಮಾಡಿಸಬೇಕು. ಪಾರ್ಟು ಬೇಕಾದವನು ದುಡ್ಡು ಕಟ್ಟಬೇಕು. ದುರ್ಯೋಧನನ ಪಾರ್ಟಿಗೆ ಒಂದು ದರ, ಕೃಷ್ಣನ ಪಾರ್ಟಿಗೆ ಇನ್ನೊಂದು ದರ. ವಿದುರನಿಗೂ ದ್ವಾರಪಾಲಕನಿಗೂ ಕಮ್ಮಿ. ಬಡವನಾದವನು ಎಂಥ ಕಂಠ ಇದ್ದರೂ ಕಮ್ಮಿ ಪಾರ್ಟಿನಲ್ಲೇ ತೃಪ್ತಿಪಡಬೇಕು. ಹಾಗೆ ಮೂಲೆಯಲ್ಲಿ ಈಟಿ ಹಿಡಿದು ನಿಂತ ಎಷ್ಟೋ ಜನರ ಕಣ್ಣಲ್ಲಿ, ಒಂದು ಸಲ ಒಂದೇ ಒಂದು ದೊಡ್ಡ ಪಾರ್ಟು ಸಿಕ್ಕಿದ್ದರೆ ಎನ್ನುವ ಆಸೆಯನ್ನು ನಾನು ಕಂಡಿದ್ದೇನೆ.

ಕನ್ನಡದ ಒಬ್ಬ ಮಹಾನಟನ ಬದುಕನ್ನು ನೆನೆಯುವಾಗಲೆಲ್ಲ ನನಗೆ ಆ ಕಣ್ಣುಗಳು ನೆನಪಾಗುತ್ತವೆ. ಅವರು ಎಂ.ವಿ. ವಾಸುದೇವರಾವ್, ‘ಚೋಮನ ದುಡಿ’ಯ ಚೋಮ. ಅಭಿನಯಕ್ಕಾಗಿ ಅತ್ಯುತ್ತಮ ನಟ ರಾಷ್ಟ್ರಪ್ರಶಸ್ತಿ ಪಡೆದ ಮೊದಲ ಕನ್ನಡ ನಟ. ಇಂದು ನಮ್ಮೂರ ಕಾಲೇಜು ಹುಡುಗರನ್ನು ಕೇಳಿದರೆ ಆ ಹೆಸರು ಯಾರಿಗೂ ಗೊತ್ತಿಲ್ಲ. ಹುಡುಗರನ್ನು ನಾನು ದೂರುವುದಿಲ್ಲ. ಅವರಿಗೆ ಆ ನಟನನ್ನು ತೋರಿಸುವ ದಾರಿಗಳನ್ನು ನಾವು ಒಂದೊಂದಾಗಿ ಮುಚ್ಚಿಕೊಂಡು ಬಂದಿದ್ದೇವೆ. ನನ್ನ ಸಂಕಟ ಅದು.

ವಾಸುದೇವರಾಯರು ಎಳವೆಯಲ್ಲೇ ನಾಟಕ ಕಂಪನಿ ಸೇರಿದವರು, ಗುಬ್ಬಿ ವೀರಣ್ಣನವರ ಕಂಪನಿಯಲ್ಲಿ ಪಳಗಿದವರು. 1884ರಲ್ಲಿ ಹುಟ್ಟಿದ ಆ ಕಂಪನಿ ಕನ್ನಡ ನಾಡಿನ ದೊಡ್ಡ ನಟರ ತವರು. ರಾಜ್‌ಕುಮಾರ್, ನರಸಿಂಹರಾಜು, ಬಾಲಕೃಷ್ಣ, ಜಿ.ವಿ. ಅಯ್ಯರ್ ಎಲ್ಲರೂ ಅಲ್ಲಿ ಅನ್ನ ಉಂಡವರೇ. ಕಂಪನಿಗೆ ಸೇರಿದ ಹುಡುಗ ಮೊದಲು ಪರದೆ ಎಳೆಯುತ್ತಿದ್ದ, ಪುಟ್ಟ ಕೃಷ್ಣನಾಗುತ್ತಿದ್ದ, ಗಂಟಲು ಒಡೆಯುವವರೆಗೆ ಹೆಣ್ಣು ಪಾರ್ಟು ಹಾಕುತ್ತಿದ್ದ, ಆಮೇಲೆ ಸಖನೋ ಸಾರಥಿಯೋ ಆಗುತ್ತಿದ್ದ. ಮೈಕು ಇಲ್ಲದ ಕಾಲದಲ್ಲಿ ಕಡೆಯ ಸಾಲಿನ ನೆಲದ ಗಿರಾಕಿಗೂ ಮಾತು ಮುಟ್ಟಬೇಕಿತ್ತು. ಒಬ್ಬ ನಟ ಕಾಯಿಲೆ ಬಿದ್ದರೆ ಅವನ ಪಾರ್ಟು ಇನ್ನೊಬ್ಬನ ಬಾಯಲ್ಲಿ ಸಿದ್ಧವಿರಬೇಕಿತ್ತು. ಈ ವಿದ್ಯೆಗೆ ಪಠ್ಯಪುಸ್ತಕವಿರಲಿಲ್ಲ. ಮೈಯೇ ಪುಸ್ತಕ.

ಸಿನಿಮಾ ಬೆಳೆದಂತೆ ಕಂಪನಿಗಳು ಸೊರಗಿದವು. ಇಪ್ಪತ್ತು ಮೂವತ್ತು ವರ್ಷ ರಂಗದ ಮೇಲೆ ದುಡಿದವರು ಮದರಾಸಿನ ಸ್ಟುಡಿಯೋಗಳ ಬಾಗಿಲಲ್ಲಿ ನಿಂತರು. ಒಂದು ದಿನದ ಪಾತ್ರ, ಎರಡು ಮಾತಿನ ಪಾತ್ರ, ಅತ್ತು ಕಣ್ಣೊರೆಸಿಕೊಳ್ಳುವ ಅಪ್ಪ, ಕೈಮುಗಿದು ನಿಲ್ಲುವ ಆಳು. ಕಂಪನಿ ನಾಟಕದಲ್ಲಿ ಬೆಳೆದು ಹೀಗೆ ಸಿನಿಮಾದ ಅಂಚಿನಲ್ಲಿ ಸವೆದುಹೋದವರ ಸಂಖ್ಯೆ ದೊಡ್ಡದು. ವಾಸುದೇವರಾಯರು ಆ ಸಾಲಿನಿಂದ ಎದ್ದು ಬಂದರು. ಐವತ್ತು ದಾಟಿದ ಮೇಲೆ.

ಅವರನ್ನು ಎಬ್ಬಿಸಿದವರು ಬಿ.ವಿ. ಕಾರಂತರು. ಕಾರಂತರೂ ಬಾಲ್ಯದಲ್ಲಿ ಮನೆ ಬಿಟ್ಟು ಓಡಿಹೋಗಿ ಸೇರಿದ್ದು ಗುಬ್ಬಿ ಕಂಪನಿಯನ್ನೇ. ಆಮೇಲೆ ಕಾಶಿ, ದೆಹಲಿಯ ರಾಷ್ಟ್ರೀಯ ನಾಟಕ ಶಾಲೆ ಎಂದು ಸುತ್ತಿ ಕನ್ನಡಕ್ಕೆ ಹೊಸ ರಂಗಭೂಮಿ ತಂದವರು ಅವರು. ಶಿವರಾಮ ಕಾರಂತರು 1933ರಲ್ಲಿ ಬರೆದ ‘ಚೋಮನ ದುಡಿ’ ಕಾದಂಬರಿಯನ್ನು ಬಿ.ವಿ. ಕಾರಂತರು 1975ರಲ್ಲಿ ಚಿತ್ರ ಮಾಡಿದರು. ಚೋಮನ ಪಾತ್ರಕ್ಕೆ ಹೆಸರಾಂತ ತಾರೆಯನ್ನು ಹಾಕದೆ ಕಂಪನಿ ನಾಟಕದ ಈ ಮಾಗಿದ ನಟನನ್ನು ನಿಲ್ಲಿಸಿದರು. ಚಿತ್ರಕ್ಕೆ ಸ್ವರ್ಣಕಮಲ ಬಂತು. ಶ್ರೇಷ್ಠ ಕಥೆಯ ಪ್ರಶಸ್ತಿ ಶಿವರಾಮ ಕಾರಂತರಿಗೆ ಬಂತು. ಶ್ರೇಷ್ಠ ನಟ ವಾಸುದೇವರಾವ್. ಅದೇ ಪ್ರಶಸ್ತಿ ಕೆಲವು ವರ್ಷಗಳ ಹಿಂದೆ ಎಂ.ಜಿ.ಆರ್. ಅವರಿಗೆ ಹೋಗಿತ್ತು, ಮರುವರ್ಷ ಮಿಥುನ್ ಚಕ್ರವರ್ತಿಗೆ ಹೋಯಿತು. ಅವರಿಬ್ಬರ ನಡುವೆ ನಿಂತ ಈ ಹೆಸರನ್ನು ಇಂದು ದೇಶವೇ ಮರೆತಿದೆ.

ಆ ಕಾಲವೇ ಹಾಗಿತ್ತು. 1970ರಲ್ಲಿ ‘ಸಂಸ್ಕಾರ’ ಬಂದು ಕನ್ನಡಕ್ಕೆ ಮೊದಲ ಸ್ವರ್ಣಕಮಲ ತಂದ ಮೇಲೆ ಹೊಸ ಅಲೆಯ ಚಿತ್ರಗಳು ಸಾಲುಗಟ್ಟಿದವು. ಆ ಅಲೆಗೆ ನಮ್ಮ ಕಪಿಲಾ ನದಿ ಕೊಟ್ಟ ಪಾಲು ಸಣ್ಣದಲ್ಲ. 1971ರ ‘ವಂಶವೃಕ್ಷ’ದ ಕಥೆ ನಡೆಯುವುದು ನಂಜನಗೂಡಿನಲ್ಲಿ. ಭೈರಪ್ಪನವರ ಕಾದಂಬರಿಯ ಶ್ರೀನಿವಾಸ ಶ್ರೋತ್ರಿಗಳು ಮಿಂದದ್ದು ನಾವು ಮೀಯುವ ಈ ಹೊಳೆಯಲ್ಲೇ. ಗಿರೀಶ ಕಾರ್ನಾಡ ಮತ್ತು ಬಿ.ವಿ. ಕಾರಂತರು ಜೊತೆಯಾಗಿ ನಿರ್ದೇಶಿಸಿದ ಆ ಚಿತ್ರದಲ್ಲಿ ಎಲ್.ವಿ. ಶಾರದಾ ಕಾತ್ಯಾಯಿನಿಯಾದರು. ಮುಂದೆ ವಿಷ್ಣುವರ್ಧನ್ ಎಂದು ಹೆಸರಾದ ಮೈಸೂರಿನ ಹುಡುಗ ಸಂಪತ್ ಕುಮಾರ್ ಅದರಲ್ಲೇ ಬೆಳ್ಳಿತೆರೆಗೆ ಬಂದ. ಇದೇ ನದಿಯ ಮೇಲ್ದಂಡೆಗೆ ಹೋದರೆ ಎಚ್.ಡಿ. ಕೋಟೆ. ಅಲ್ಲಿನ ಆಲನಹಳ್ಳಿಯ ಶ್ರೀಕೃಷ್ಣ ಬರೆದ ‘ಕಾಡು’ 1973ರಲ್ಲಿ ಕಾರ್ನಾಡರ ಕೈಯಲ್ಲಿ ಚಿತ್ರವಾಯಿತು, ‘ಪರಸಂಗದ ಗೆಂಡೆತಿಮ್ಮ’ 1978ರಲ್ಲಿ ತೆರೆಗೆ ಬಂತು. ಮಾಸ್ತಿಯವರ ‘ಕಾಕನಕೋಟೆ’ಯ ಕಾಡೂ ಅಲ್ಲಿಯದೇ.

‘ಪರಸಂಗದ ಗೆಂಡೆತಿಮ್ಮ’ದ ನಾಯಕ ಲೋಕೇಶ್. ಮೊದಲ ಕನ್ನಡ ವಾಕ್ಚಿತ್ರ ‘ಸತಿ ಸುಲೋಚನಾ’ದಲ್ಲಿ ನಾಯಕರಾಗಿದ್ದ ಸುಬ್ಬಯ್ಯ ನಾಯ್ಡು ಅವರ ಮಗ. ತಂದೆಯದು ಕಂಪನಿ ರಂಗಭೂಮಿ, ಮಗನದು ಬೆಂಗಳೂರಿನ ಹವ್ಯಾಸಿ ರಂಗಭೂಮಿ. ಗೆಂಡೆತಿಮ್ಮ ಹಳ್ಳಿ ಹಳ್ಳಿ ತಿರುಗಿ ಸಣ್ಣಪುಟ್ಟ ಸಾಮಾನು ಮಾರುವವನು. ಲೋಕೇಶ್ ಆ ಪಾತ್ರದಲ್ಲಿ ಹೊರೆ ಹೊತ್ತು ನಡೆಯುವುದನ್ನು ಕಂಡ ನಮ್ಮ ಕಡೆಯ ಹೆಂಗಸರು, ಬಳೆ ಮಾರಲು ಬರುವವನನ್ನು ಎಷ್ಟೋ ವರ್ಷ ಗೆಂಡೆತಿಮ್ಮ ಎಂದೇ ಕರೆದರು. ಪಾತ್ರವೊಂದು ಊರ ಮಾತಿಗೆ ಇಳಿಯುವುದೆಂದರೆ ಇದು. ಪ್ರಶಸ್ತಿ ಪಡೆದ ಸಿನಿಮಾ ಜನಕ್ಕೆ ಅರ್ಥವಾಗದು ಎಂದು ವಾದಿಸುವವರಿಗೆ ನಾನು ಕೊಡುವ ಉತ್ತರವೂ ಇದೇ.

‘ಚೋಮನ ದುಡಿ’ ನಮ್ಮೂರಿಗೆ ಬಂದದ್ದು ವಾರ್ತಾ ಇಲಾಖೆಯ ವ್ಯಾನಿನಲ್ಲಿ. ಸುತ್ತೂರಿಗೆ ಹೊಳೆಯಾಚೆಯ ಸಣ್ಣ ಊರು ನಮ್ಮದು, ನಾನಿನ್ನೂ ಶಾಲೆಯ ಹುಡುಗ. ಬೆಳಿಗ್ಗೆಯೇ ವ್ಯಾನು ಬಂದು ಸಾರಿಕೊಂಡು ಹೋಯಿತು. ಸಂಜೆ ಶಾಲೆಯ ಬಯಲಲ್ಲಿ ಎರಡು ಗಳು ನೆಟ್ಟು ಬಿಳಿ ಪರದೆ ಕಟ್ಟಿದರು. 16 ಎಂ.ಎಂ. ಪ್ರೊಜೆಕ್ಟರು ಬೆಂಚಿನ ಮೇಲೆ ಕೂತು ಗಿರಗಿರ ಎಂದಿತು. ಮೊದಲು ಕುಟುಂಬ ಯೋಜನೆಯ ಚಿತ್ರ, ಸಿಡುಬಿನ ಚಿತ್ರ, ಆಮೇಲೆ ‘ಚೋಮನ ದುಡಿ’. ಪರದೆಯ ಮುಂದೆ ಊರವರು ಕೂತರು. ಕೇರಿಯವರು ಪರದೆಯ ಹಿಂದೆ ಕೂತರು. ಹಾಗೆ ಕೂರಿ ಎಂದು ಅವತ್ತು ಯಾರೂ ಹೇಳಲಿಲ್ಲ. ಹೇಳಬೇಕಾದ ಅಗತ್ಯವೂ ಇರಲಿಲ್ಲ, ನಡೆದು ಬಂದದ್ದು ಹಾಗೇ. ಅವರಿಗೆ ಚಿತ್ರ ಎಡಬಲ ತಿರುಗಿ ಕಂಡಿತು. ಬರಹ ಓದಲು ಬರುವಂತಿರಲಿಲ್ಲ. ಯಾರ ಕಥೆಯೋ ಅವರೇ ಹಿಂದೆ, ಉಳಿದವರೆಲ್ಲ ಮುಂದೆ.

ಚೋಮ ಜೀತದವನು. ಸಂಕಪ್ಪಯ್ಯನ ಆಳು. ಅವನ ಬಳಿ ಎರಡು ಎತ್ತುಗಳಿವೆ, ಉಳುವುದಕ್ಕೆ ತುಂಡು ನೆಲವಿಲ್ಲ. ಹುಟ್ಟಿದ ಜಾತಿಗೆ ನೆಲವನ್ನು ಕೇಳುವ ಹಕ್ಕಿಲ್ಲ. ಎಸ್ಟೇಟಿನ ಸಾಲ ತೀರಿಸಲು ಮಕ್ಕಳು ಗಟ್ಟ ಹತ್ತುತ್ತಾರೆ. ಒಬ್ಬ ಮಗ ಜ್ವರದಲ್ಲಿ ಸಾಯುತ್ತಾನೆ, ಒಬ್ಬ ಮತಾಂತರವಾಗಿ ದೂರವಾಗುತ್ತಾನೆ. ಕಿರಿಯ ಹುಡುಗ ನೀರಲ್ಲಿ ಮುಳುಗುವಾಗ ದಡದಲ್ಲಿರುವವರು ಮುಟ್ಟಿದರೆ ಮೈಲಿಗೆಯೆಂದು ಕೈಚಾಚುವುದಿಲ್ಲ. ಮಗಳು ಬೆಳ್ಳಿ ಸಾಲದ ಬಾಯಿಗೆ ಬೀಳುತ್ತಾಳೆ. ಎಲ್ಲ ಮುಗಿದ ಮೇಲೆ ಚೋಮ ಎತ್ತುಗಳನ್ನು ಅಟ್ಟಿ, ಗುಡಿಸಲ ಬಾಗಿಲು ಹಾಕಿಕೊಂಡು, ಜೀವ ಹೋಗುವವರೆಗೆ ದುಡಿ ಬಾರಿಸುತ್ತಾನೆ.

ಊರು ಈ ಚಿತ್ರ ನೋಡಿದ ಕಾಲವನ್ನೂ ನೆನೆಯಬೇಕು. ನಮ್ಮ ಜಿಲ್ಲೆಯವರೇ ಆದ ದೇವರಾಜ ಅರಸರು ಮುಖ್ಯಮಂತ್ರಿ. ಉಳುವವನೇ ಹೊಲದೊಡೆಯ ಎಂಬ ಭೂಸುಧಾರಣೆ 1974ರಲ್ಲಿ ಬಂದಿತ್ತು. ಜೀತ ಪದ್ಧತಿ ರದ್ದು ಮಾಡುವ ಕೇಂದ್ರದ ಸುಗ್ರೀವಾಜ್ಞೆ 1975ರಲ್ಲೇ ಬಂದು ಮರುವರ್ಷ ಕಾಯಿದೆಯಾಯಿತು. ಕಾದಂಬರಿ ಬಂದಾಗ ಕನಸಾಗಿದ್ದುದು ಚಿತ್ರ ಬರುವಾಗ ಕಾಗದದ ಮೇಲಾದರೂ ಹಕ್ಕಾಗಿತ್ತು. ನಮ್ಮ ತಾಲೂಕಿನ ದೇವನೂರ ಮಹಾದೇವರು ಕೇರಿಯ ಬದುಕನ್ನು ಕೇರಿಯ ಮಾತಲ್ಲೇ ಬರೆಯತೊಡಗಿದ್ದ ದಿನಗಳು ಅವು. ಭೂ ಟ್ರಿಬ್ಯೂನಲ್ಲಿಗೆ ಅರ್ಜಿ ಹಾಕಲೋ ಬೇಡವೋ ಎಂದು ಗೌಡರ ಮುಖ ನೋಡುತ್ತಿದ್ದ ಗೇಣಿದಾರರೂ ಅವತ್ತು ಶಾಲೆಯ ಬಯಲಲ್ಲಿ ಕೂತಿದ್ದರು. ಅಂಥ ಹೊತ್ತಿನಲ್ಲಿ ಒಬ್ಬ ನಟ ಪರದೆಯ ಮೇಲೆ ಸಂಕಪ್ಪಯ್ಯನ ಅಂಗಳದಾಚೆ ನಿಂತು ನೆಲ ಕೇಳಿದ. ಬಯಲಲ್ಲಿ ಒಬ್ಬರೂ ಕೆಮ್ಮಲಿಲ್ಲ.

ಆ ದೃಶ್ಯವನ್ನು ಆಮೇಲೆ ಎಷ್ಟೋ ಸಲ ನೋಡಿದ್ದೇನೆ. ಕಂಪನಿ ನಾಟಕದ ನಟ ಎಂದರೆ ಅಬ್ಬರ, ಏರುದನಿ, ಕೈಬೀಸು ಎಂದು ನಾವು ತಿಳಿದಿದ್ದೇವೆ. ವಾಸುದೇವರಾಯರ ಚೋಮನಲ್ಲಿ ಅದೊಂದೂ ಇಲ್ಲ. ಕೇಳುವವನ ದನಿ ಕೇಳುವ ಮೊದಲೇ ಸೋತಿದೆ. ಮಾತು ಬಾಯಿಗೆ ಬರುವುದಕ್ಕಿಂತ ಮುಂಚೆ ಹೆಗಲು ಇಳಿಯುತ್ತದೆ. ಬೆನ್ನು ಒಡೆಯನ ಮುಂದೆ ಒಂದು ರೀತಿ ಬಾಗುತ್ತದೆ, ಎತ್ತಿನ ಮುಂದೆ ಇನ್ನೊಂದು ರೀತಿ ಬಾಗುತ್ತದೆ. ಮೊದಲನೆಯದರಲ್ಲಿ ಭಯ, ಎರಡನೆಯದರಲ್ಲಿ ಅಕ್ಕರೆ. ಎರಡೂ ಬಾಗುವಿಕೆಯೇ, ಆದರೆ ಒಂದರ ಹಾಗೆ ಇನ್ನೊಂದಿಲ್ಲ. ದುಡಿ ಕೈಗೆ ಬಂದಾಗ ಮಾತ್ರ ಆ ಬೆನ್ನು ನೆಟ್ಟಗಾಗುತ್ತದೆ. ಹಗಲೆಲ್ಲ ಪರರ ಆಳಾಗಿದ್ದವನು ರಾತ್ರಿ ದುಡಿಯ ಮುಂದೆ ತನಗೆ ತಾನೇ ಒಡೆಯ. ಮೂವತ್ತು ನಲವತ್ತು ವರ್ಷ ಕಡೆಯ ಸಾಲಿಗೆ ದನಿ ಎಸೆದವರಿಗೆ ಮಾತ್ರ ದನಿಯನ್ನು ಅಷ್ಟು ಹತೋಟಿಯಲ್ಲಿ ಇಳಿಸುವುದು ಗೊತ್ತಿರುತ್ತದೆ. ಎಸ್. ರಾಮಚಂದ್ರ ಅವರ ಕಪ್ಪುಬಿಳುಪಿನ ಕ್ಯಾಮೆರಾ ಆ ಮೈಯನ್ನು ಗೌರವದಿಂದ ನೋಡಿತು. ಬಡವನ ಎಲುಬನ್ನು ಪ್ರದರ್ಶನಕ್ಕೆ ಇಡಲಿಲ್ಲ.

ಚಿತ್ರ ಮುಗಿದು ಪರದೆ ಬಿಚ್ಚುವಾಗ, ನಮ್ಮೂರ ಮಾರಿಹಬ್ಬಕ್ಕೆ ತಮಟೆ ಬಡಿಯುತ್ತಿದ್ದ ಕೇರಿಯ ಹಿರಿಯರೊಬ್ಬರು ವ್ಯಾನಿನವರ ಹತ್ತಿರ ನಿಂತು, “ಇಂವ ಯಾಸ ಕಟ್ಟಿಲ್ಲ ಕಣಪ್ಪ. ಬಡಿದೂ ಬಡಿದೂ ಸೋತ ಕೈ ಇದು. ಯಾವೂರವನು ಇಂವ?” ಎಂದು ಕೇಳಿದರು. ವ್ಯಾನಿನವರು, “ನಾಟಕ ಕಂಪನಿಯವರು ಅಜ್ಜ, ಪ್ರಶಸ್ತಿ ಬಂದದೆ” ಎಂದರು. ಆ ಹಿರಿಯರು ನಂಬಲಿಲ್ಲ. ಒಬ್ಬ ನಟನಿಗೆ ದೆಹಲಿಯಲ್ಲಿ ರಾಷ್ಟ್ರಪತಿಗಳು ಕೊಟ್ಟ ಪದಕಕ್ಕಿಂತ, ಪರದೆಯ ಹಿಂದೆ ಕೂತು ತಿರುಗುಮುರುಗಾಗಿ ಚಿತ್ರ ನೋಡಿದ ಒಬ್ಬ ತಮಟೆಯವರ ಆ ಅಪನಂಬಿಕೆ ದೊಡ್ಡದೆಂದು ನಾನು ಇಂದಿಗೂ ತಿಳಿದಿದ್ದೇನೆ.

ಪ್ರಶಸ್ತಿ ಬಂದ ಮೇಲೆ ಇಂಥ ನಟನ ಬದುಕು ಹೇಗಿರಬೇಕಿತ್ತು? ಬಂಗಾಳದ ನಿರ್ದೇಶಕ ಮೃಣಾಲ್ ಸೇನ್ ವಾಸುದೇವರಾಯರನ್ನು ಗುರುತಿಸಿದರು. ಪ್ರೇಮಚಂದರ ‘ಕಫನ್’ ಕಥೆಯನ್ನು 1977ರಲ್ಲಿ ತೆಲುಗಿನಲ್ಲಿ ‘ಒಕ ಊರಿ ಕಥ’ ಎಂದು ಚಿತ್ರ ಮಾಡಿದಾಗ ಮುದುಕ ವೆಂಕಯ್ಯನ ಪಾತ್ರವನ್ನು ವಾಸುದೇವರಾಯರಿಗೆ ಕೊಟ್ಟರು. ದುಡಿದು ಯಾವ ಬಡವ ಉದ್ಧಾರವಾದ ಎಂದು ಕೇಳಿ, ದುಡಿಯಲಾರೆ ಎಂದು ಹಟ ಹಿಡಿದು ಕೂರುವ ಮುದುಕ ಆ ವೆಂಕಯ್ಯ. ಹಸಿದ ಸೊಸೆ ನರಳಿ ಸಾಯುವಾಗಲೂ ಅಲುಗದವನು. ಚೋಮ ದುಡಿಯಲು ನೆಲ ಸಿಗದೆ ಸತ್ತವನು, ವೆಂಕಯ್ಯ ದುಡಿಮೆಯನ್ನೇ ಧಿಕ್ಕರಿಸಿ ಬದುಕಿದವನು. ಎರಡೇ ವರ್ಷದ ಅಂತರದಲ್ಲಿ ಎರಡು ಭಾಷೆಗಳಲ್ಲಿ, ಒಂದಕ್ಕೊಂದು ತದ್ವಿರುದ್ಧವಾದ ಈ ಇಬ್ಬರನ್ನೂ ಒಂದೇ ಮೈಯಲ್ಲಿ ಹೊತ್ತ ನಟ ಭಾರತೀಯ ಸಿನಿಮಾದಲ್ಲಿ ಅಪರೂಪ.

ಅದಾದ ಮೇಲೆ ಅಂಥ ಇಡೀ ಪಾತ್ರಗಳು ಅವರ ಪಾಲಿಗೆ ಹೆಚ್ಚಾಗಿ ಬರಲಿಲ್ಲ. ಚಿತ್ರಗಳು ಬಂದವು, ಬೇಕಾದಷ್ಟು ಬಂದವು. ಬಡ ಮುದುಕ, ನೊಂದ ತಂದೆ, ಹಳ್ಳಿಯ ಹಿರಿಯ. 1987ರಲ್ಲಿ ಮಣಿರತ್ನಂ ಅವರ ‘ನಾಯಗನ್’ ಚಿತ್ರದಲ್ಲಿ ಧಾರಾವಿಯ ಅನಾಥ ಹುಡುಗನನ್ನು ಸಾಕುವ ಹುಸೇನ್ ಭಾಯಿಯಾಗಿ ಬಂದರು. ಕಮಲಹಾಸನ್ ಅಭಿನಯವನ್ನು ಹೊಗಳುವ ಲಕ್ಷಾಂತರ ಜನ ಆ ಮುದುಕನ ಮುಖವನ್ನು ನೋಡಿದ್ದಾರೆ. ಅದು ಕನ್ನಡದ ಚೋಮನ ಮುಖ ಎಂದು ತಿಳಿದವರು ಎಷ್ಟು ಮಂದಿ? ಚೋಮ ಬದುಕಿಡೀ ಕೇಳಿದ್ದು ತನ್ನದೇ ಆದ ಒಂದು ತುಂಡು ನೆಲ. ಕಂಪನಿ ನಟ ಬದುಕಿಡೀ ಕೇಳಿದ್ದು ತನ್ನದೇ ಆದ ಒಂದು ಪಾತ್ರ. ಚೋಮನಿಗೆ ಸಿಗದಿದ್ದುದು ವಾಸುದೇವರಾಯರಿಗೆ ಒಂದು ಸಲ ಸಿಕ್ಕಿತು, ಇನ್ನೊಮ್ಮೆ ಪಕ್ಕದ ಭಾಷೆಯಲ್ಲಿ ಸಿಕ್ಕಿತು. ಬಂಗಾರ ಬೆಳೆದು ತೋರಿಸಿದರು. ಮತ್ತೆ ನಾವು ಅವರನ್ನು ಕೂಲಿಗೆ ಕಳುಹಿಸಿದೆವು. ನಮ್ಮ ಚಿತ್ರೋದ್ಯಮದ ಮೇಲೆ ನನಗಿರುವ ದೊಡ್ಡ ದುಃಖ ಇದು.

ಹೀಗೇ ಆಗಬೇಕೆಂದೇನೂ ಇರಲಿಲ್ಲ. ಜಪಾನಿನಲ್ಲಿ ತಕಾಶಿ ಶಿಮುರಾ ಎಂಬ ನಟರಿದ್ದರು. ಅವರೂ ರಂಗಭೂಮಿಯಿಂದ ಬಂದವರು, ರೂಪವಂತ ನಾಯಕರಲ್ಲ. ನಿರ್ದೇಶಕ ಅಕಿರ ಕುರೋಸಾವಾ ಶಿಮುರಾ ಅವರನ್ನು ಕೈಬಿಡಲಿಲ್ಲ. ‘ರಾಶೋಮನ್’ನಲ್ಲಿ ಕಟ್ಟಿಗೆ ಕಡಿಯುವವನಾಗಿ, ‘ಇಕಿರು’ವಿನಲ್ಲಿ ಸಾವಿನ ಬಾಗಿಲಲ್ಲಿ ನಿಂತ ಸರ್ಕಾರಿ ನೌಕರನಾಗಿ, ‘ಸೆವೆನ್ ಸಮುರಾಯ್’ನಲ್ಲಿ ಹಿರಿಯ ಯೋಧನಾಗಿ ಮತ್ತೆ ಮತ್ತೆ ನಿಲ್ಲಿಸಿದರು. ಒಬ್ಬ ನಟ ಮಾಗಬೇಕಾದರೆ ಒಂದರ ಹಿಂದೊಂದು ಪಾತ್ರ ಸಿಗಬೇಕು, ಅದನ್ನು ಕೊಡುವ ನಿರ್ದೇಶಕ ಬೇಕು, ಕಾದು ನೋಡುವ ಪ್ರೇಕ್ಷಕ ಬೇಕು. ಪ್ರೇಕ್ಷಕರು ನಮ್ಮಲ್ಲಿ ಇರಲಿಲ್ಲವೆಂದು ಯಾರೂ ಹೇಳುವಂತಿಲ್ಲ. ಮಲೆನಾಡಿನ ಹೆಗ್ಗೋಡಿನಲ್ಲಿ ಕೆ.ವಿ. ಸುಬ್ಬಣ್ಣನವರು ನೀನಾಸಂ ಚಿತ್ರಸಮಾಜ ಕಟ್ಟಿ ಅಡಿಕೆ ತೋಟದ ಜನಕ್ಕೆ ಕುರೋಸಾವಾನನ್ನೂ ಸತ್ಯಜಿತ್ ರಾಯ್ ಅವರನ್ನೂ ತೋರಿಸಿದರು. ಓದುಬರಹ ಬಾರದವರೂ ಕೂತು ನೋಡಿದರು, ತಮ್ಮ ಮಾತಲ್ಲಿ ಚರ್ಚೆ ಮಾಡಿದರು.

ನಮಗೆ ಹೆಗ್ಗೋಡಿನ ಭಾಗ್ಯ ಇಲ್ಲದಿದ್ದರೂ ಬೇರೆ ದಾರಿಗಳಿದ್ದವು. ವಾರ್ತಾ ಇಲಾಖೆಯ ವ್ಯಾನು ಇತ್ತು. ಬೇಸಿಗೆಗೆ ಟೆಂಟು ಬರುತ್ತಿತ್ತು. ನೆಲ, ಬೆಂಚು, ಕುರ್ಚಿ ಎಂದು ಮೂರು ದರ್ಜೆ. ತಿಮ್ಮಪ್ಪನ ಹಾಡು ಹಾಕಿದರೆಂದರೆ ಟಿಕೆಟು ಕೊಡುತ್ತಾರೆಂದು ಅರ್ಥ, ಗದ್ದೆಯಲ್ಲಿದ್ದವರು ಕೈಕಾಲು ತೊಳೆದುಕೊಂಡು ಓಡುತ್ತಿದ್ದರು. ಆ ಟೆಂಟಿನಲ್ಲಿ ರಾಜ್‌ಕುಮಾರ್ ಚಿತ್ರ ನಾಲ್ಕು ವಾರ ಓಡಿದರೆ ನಡುವೆ ಒಂದು ವಾರ ‘ಗೆಂಡೆತಿಮ್ಮ’ನೂ ಬಂದು ಹೋಗುತ್ತಿದ್ದ. ಬಂದವರು ಅದನ್ನು ಕಲಾತ್ಮಕ ಚಿತ್ರವೆಂದು ನೋಡಲಿಲ್ಲ, ಚಿತ್ರವೆಂದೇ ನೋಡಿದರು. ಆಮೇಲೆ ಪಂಚಾಯ್ತಿ ಕಟ್ಟೆಗೆ ಟಿ.ವಿ. ಬಂತು. ಭಾನುವಾರ ಮಧ್ಯಾಹ್ನ ದೂರದರ್ಶನದಲ್ಲಿ ಪ್ರಾದೇಶಿಕ ಭಾಷೆಯ ಪ್ರಶಸ್ತಿ ಚಿತ್ರಗಳು ಬರುತ್ತಿದ್ದವು. ಕನ್ನಡದ ಸರದಿ ಬಂದ ವಾರ ಕಟ್ಟೆ ತುಂಬುತ್ತಿತ್ತು. ‘ತಬರನ ಕಥೆ’ಯನ್ನು ನಾವು ಕಂಡದ್ದು ಹಾಗೆ. ಪಿಂಚಣಿಗಾಗಿ ಕಚೇರಿಯಿಂದ ಕಚೇರಿಗೆ ಅಲೆಯುವ ತಬರಶೆಟ್ಟಿಯಾಗಿ ಚಾರುಹಾಸನ್ ಅಭಿನಯಿಸಿದ, ಗಿರೀಶ ಕಾಸರವಳ್ಳಿಯವರ 1986ರ ಚಿತ್ರ. ಅತ್ಯುತ್ತಮ ನಟ ರಾಷ್ಟ್ರಪ್ರಶಸ್ತಿ ಚೋಮನ ನಂತರ ಕನ್ನಡದ ಪಾತ್ರವೊಂದಕ್ಕೆ ಮತ್ತೆ ಬಂದದ್ದು ಆ ತಬರನಿಗೇ. ತಾಲೂಕು ಕಚೇರಿಗೆ ಅಲೆದು ಚಪ್ಪಲಿ ಸವೆಸಿದ ನಮ್ಮೂರ ಮುದುಕರು ಆ ಮಧ್ಯಾಹ್ನ ಊಟದ ಹೊತ್ತು ಮೀರಿದರೂ ಎದ್ದು ಹೋಗಲಿಲ್ಲ.

ಈಗ ಆ ದಾರಿಗಳು ಒಂದೂ ಉಳಿದಿಲ್ಲ. ಟೆಂಟುಗಳ ಜಾಗದಲ್ಲಿ ಸೈಟು ಬಂದಿವೆ, ಕಲ್ಯಾಣಮಂಟಪ ಬಂದಿವೆ. ವ್ಯಾನು ನಿಂತುಹೋಯಿತು. ಭಾನುವಾರದ ಪ್ರಶಸ್ತಿ ಚಿತ್ರ ಎಂಬ ಪದ್ಧತಿಯೇ ಅಳಿಯಿತು. ಬೀದಿಯ ತುಂಬ ಪರದೆಗಳಿವೆ, ಪ್ರತಿ ಕೈಯಲ್ಲೊಂದು ಫೋನಿದೆ. ಆದರೆ ಊರು ಒಟ್ಟಿಗೆ ಕೂತು ಒಂದು ಚಿತ್ರ ನೋಡುವುದು ನಿಂತಿದೆ. ಮುಂದೆ ಹಿಂದೆ ಎಂದು ಕೂರಿಸಿದ ಆ ಕಾಲದ ಅನ್ಯಾಯ ಮತ್ತೆ ಬರುವುದು ಬೇಡ. ಅದು ಹೋದದ್ದಕ್ಕೆ ನನಗೆ ಸಂತೋಷವೇ. ಆದರೆ ಎಲ್ಲರೂ ಒಂದೇ ಕಡೆ ಸಮನಾಗಿ ಕೂತು ಚೋಮನನ್ನು ನೋಡುವ ಕಾಲ ಬಂದಾಗ ನೋಡುವ ಬಯಲೇ ಇಲ್ಲವಾದದ್ದು ಎಂಥ ನಷ್ಟ.

ಈ ನಷ್ಟದ ಬೆಲೆ ತೆತ್ತವರು ಮುಂದಿನ ನಟರು. ಕಡೂರು ಸೀಮೆಯ ಸಂಚಾರಿ ವಿಜಯ್ ಅವರನ್ನೇ ನೋಡಿ. ಬೆಂಗಳೂರಿನ ಸಂಚಾರಿ ರಂಗತಂಡದಿಂದ ಬಂದು ಆ ಹೆಸರನ್ನೇ ತಮ್ಮ ಹೆಸರಿನ ಮುಂದೆ ಇಟ್ಟುಕೊಂಡವರು. 2014ರ ‘ಹರಿವು’ ಚಿತ್ರದಲ್ಲಿ ಮಗನ ಶವವನ್ನು ಪೆಟ್ಟಿಗೆಯಲ್ಲಿಟ್ಟು ಊರಿಗೆ ಸಾಗಿಸುವ ಬಡ ತಂದೆಯಾದರು. ಬಿ.ಎಸ್. ಲಿಂಗದೇವರು ನಿರ್ದೇಶಿಸಿದ ‘ನಾನು ಅವನಲ್ಲ ಅವಳು’ ಚಿತ್ರದಲ್ಲಿ ಮಾದೇಶ ವಿದ್ಯಾ ಆಗುವ ಸಂಕಟವನ್ನು ಕಣ್ಣಂಚಿನಲ್ಲಿ, ಬೆರಳ ತುದಿಯಲ್ಲಿ ತೋರಿ, ಚೋಮನಿಗೆ ಸಿಕ್ಕ ಪ್ರಶಸ್ತಿಯನ್ನೇ ಪಡೆದರು. ನಟನೊಬ್ಬ ಎದುರಿಗಿನವರ ನೋವನ್ನು ತನ್ನ ಮೈಗೆ ಇಳಿಸಿಕೊಳ್ಳುವ ಆ ವಿದ್ಯೆ ವಾಸುದೇವರಾಯರಿಂದ ನೇರ ಬಂದ ಸೊತ್ತು. ಆದರೆ ‘ಹರಿವು’ ನಮ್ಮ ತಾಲೂಕಿನ ಯಾವ ಹಳ್ಳಿಯ ಬಯಲಿಗೂ ಬರಲಿಲ್ಲ. ಆಸ್ಪತ್ರೆಯ ಬಿಲ್ಲು ಕಟ್ಟಲಾಗದೆ ನರಳಿದ ಎಷ್ಟೋ ತಂದೆಯರು ನಮ್ಮಲ್ಲಿದ್ದಾರೆ. ತಮ್ಮ ಕಥೆಯನ್ನು ಅಷ್ಟು ನಿಜವಾಗಿ ಅಭಿನಯಿಸಿದವನೊಬ್ಬನಿದ್ದನೆಂದು ಅವರಿಗೆ ಗೊತ್ತಾಗಲೇ ಇಲ್ಲ. 2021ರ ಜೂನ್‌ನಲ್ಲಿ ರಸ್ತೆ ಅಪಘಾತದಲ್ಲಿ ಗಾಯಗೊಂಡು, ನಲವತ್ತು ತುಂಬುವ ಮೊದಲೇ ವಿಜಯ್ ತೀರಿಕೊಂಡರು. ಅವರ ಅಂಗಾಂಗಗಳನ್ನು ದಾನ ಮಾಡಲಾಯಿತು. ಸುದ್ದಿ ಎಲ್ಲರ ಫೋನಿಗೂ ಬಂತು. ನಮ್ಮೂರಲ್ಲಿ ಬಹಳ ಜನ ಅವರ ಮುಖವನ್ನು ಮೊದಲ ಸಲ ನೋಡಿದ್ದೇ ಆವತ್ತು.

ಚೋಮನ ಕಾಲಕ್ಕೂ ವಿಜಯ್ ಕಾಲಕ್ಕೂ ಇರುವ ವ್ಯತ್ಯಾಸ ಇಷ್ಟೇ. ಅಭಿನಯದಲ್ಲಿ ಕನ್ನಡ ಬಡವಾಗಿಲ್ಲ. ಅಭಿನಯ ಜನರ ಬಳಿಗೆ ಬರುವ ದಾರಿ ಬಡವಾಗಿದೆ. ‘ತಿಥಿ’ ಚಿತ್ರ ನೋಡಿ. ಪಕ್ಕದ ಮಂಡ್ಯ ಜಿಲ್ಲೆಯ ನೊದೆಕೊಪ್ಪಲಿನ ರೈತರು, ನಾಟಕದ ತಾಲೀಮೂ ಇಲ್ಲದವ‌ರು, 2015ರಲ್ಲಿ ಸ್ವಿಟ್ಜರ್ಲೆಂಡಿನ ಲೊಕಾರ್ನೊ ಚಿತ್ರೋತ್ಸವದವರೆಗೂ ಹೋದ ಚಿತ್ರದಲ್ಲಿ ಅಭಿನಯಿಸಿ ಗೆದ್ದರು. ನಮ್ಮ ನೆಲದಲ್ಲಿ ಈ ಶಕ್ತಿ ಇನ್ನೂ ಬತ್ತಿಲ್ಲ ಎನ್ನುವುದಕ್ಕೆ ಬೇರೆ ಸಾಕ್ಷಿ ಬೇಡ. ಮೈಸೂರಿನಲ್ಲಿ ಬಿ.ವಿ. ಕಾರಂತರು 1989ರಲ್ಲಿ ಕಟ್ಟಿದ ರಂಗಾಯಣ ಇದೆ. ಕಾರಂತರು 2002ರಲ್ಲಿ ಹೋದರು, ಅವರ ಚೋಮನೂ ಹೋದರು. ಆದರೆ ಆ ಅಂಗಳದಲ್ಲಿ ಕಲಿತ ನಟರು ಇದ್ದಾರೆ, ಕಲಿಯುವ ಹುಡುಗರು ಈಗಲೂ ಬರುತ್ತಾರೆ.

ಸುತ್ತೂರಿನ ಜಾತ್ರೆಯೂ ಇದೆ. ಜಾತ್ರೆ ನಡೆಸುವ ಸುತ್ತೂರು ಮಠ ನಾಟಕವನ್ನು ಬಿಟ್ಟುಕೊಟ್ಟಿಲ್ಲ. ಹಳ್ಳಿಯ ತಂಡಗಳು ಬರುತ್ತವೆ, ಶಾಲೆಯ ಮಕ್ಕಳು ರಂಗ ಹತ್ತುತ್ತಾರೆ. ಅನ್ನಕ್ಕೂ ಅಕ್ಷರಕ್ಕೂ ಜಾತಿ ಕೇಳದೆ ಸಾವಿರಾರು ಮಕ್ಕಳನ್ನು ಕೂರಿಸಿದ ಆ ಹೊಳೆದಂಡೆಯಲ್ಲಿ ಸಿನಿಮಾಕ್ಕೂ ಒಂದು ರಾತ್ರಿ ಸಿಗಲಿ ಎಂಬುದು ನನ್ನ ಬೇಡಿಕೆ. ತೇರಿನ ಮರುದಿನವೋ ತೆಪ್ಪದ ದಿನವೋ ಒಂದು ದೊಡ್ಡ ಪರದೆ ಕಟ್ಟಲಿ. ಒಂದು ವರ್ಷ ‘ಚೋಮನ ದುಡಿ’, ಒಂದು ವರ್ಷ ‘ಗೆಂಡೆತಿಮ್ಮ’, ಒಂದು ವರ್ಷ ‘ಹರಿವು’. ಸರ್ಕಾರ ಹಳೆಯ ಪ್ರಿಂಟುಗಳನ್ನು ಹುಡುಕಿ, ತೊಳೆದು, ಹೊಸ ತಂತ್ರಜ್ಞಾನದಲ್ಲಿ ಉಳಿಸಿ ಊರೂರಿಗೆ ಕಳುಹಿಸಲಿ. ಪ್ರಶಸ್ತಿ ಕೊಟ್ಟು ಕಪಾಟಿನಲ್ಲಿಡುವುದಕ್ಕಾಗಿ ಆ ಚಿತ್ರಗಳನ್ನು ಯಾರೂ ಮಾಡಲಿಲ್ಲ. ಸಬ್ಸಿಡಿ ಕೊಟ್ಟದ್ದು ಜನರ ದುಡ್ಡು, ನೋಡುವ ಹಕ್ಕೂ ಜನರದ್ದೇ.

ಇದು ಆಗದ ಕೆಲಸವೇನಲ್ಲ. ಪ್ರೊಜೆಕ್ಟರು ಈಗ ಅಂಗೈ ಅಗಲ ಬಂದಿದೆ, ವ್ಯಾನೂ ಬೇಕಿಲ್ಲ. ಬೇಕಾದದ್ದು ತೋರಿಸಬೇಕೆಂಬ ಮನಸ್ಸು. ಆ ಮನಸ್ಸು ಬಂದರೆ, ಜಾತ್ರೆಗೆ ಬಂದ ಯಾವುದೋ ಕೇರಿಯ ಹುಡುಗ ಈ ಸಲ ಪರದೆಯ ಮುಂದೆ, ಎಲ್ಲರಿಗಿಂತ ಮುಂದಿನ ಸಾಲಿನಲ್ಲಿ ಕೂತು ವಾಸುದೇವರಾಯರನ್ನು ನೋಡುತ್ತಾನೆ. ನಟನೆಂದರೆ ಹೀಗಿರಬೇಕು ಎಂದು ಅವನಿಗೆ ಅನ್ನಿಸಿದರೆ ಸಾಕು. ಮುಂದಿನ ಪಾರ್ಟನ್ನು ಅವನು ದುಡ್ಡು ಕೊಟ್ಟು ಕೊಳ್ಳಬೇಕಾಗಿಲ್ಲ. ದುಡಿದು ಪಡೆಯುತ್ತಾನೆ.